ಸಿನಿಮಾವನ್ನು ಕುಗ್ಗಿಸುವ ವಿದ್ಯೆ

ಎರಡೂವರೆ ಗಂಟೆಯ ಒಂದು ಚಲಚ್ಚಿತ್ರವು 300 ಮೆಗಾಬೈಟಿನ ಸಣ್ಣ ಫೈಲೊಂದರಲ್ಲಿ ಅಡಗಿ ಕೂರುತ್ತದೆ ಎಂಬುದು ನಮ್ಮ ಕಾಲೇಜಿನಲ್ಲಿ ಯಾರಿಗೂ ಹೊಸ ಸಂಗತಿಯಲ್ಲ. ವಿದ್ಯಾರ್ಥಿನಿಲಯದ ಕೊಠಡಿಯಲ್ಲಿ, ಊರಿಗೆ ಹೋಗುವ ಬಸ್ಸಿನಲ್ಲಿ, ರೈಲ್ವೆ ನಿಲ್ದಾಣದ ಕಲ್ಲುಬೆಂಚಿನ ಮೇಲೆ, ಎಲ್ಲಿ ನೋಡಿದರೂ ಅಂಗೈಯಗಲದ ತೆರೆಯ ಮೇಲೆ ನಾಯಕ ನಾಯಿಕೆಯರು ಹಾಡುತ್ತಿರುತ್ತಾರೆ. ಆದರೆ ಅಷ್ಟು ದೊಡ್ಡದು ಇಷ್ಟು ಚಿಕ್ಕದರಲ್ಲಿ ಹೇಗೆ ಹಿಡಿಯಿತು, ಹಿಡಿಸುವಾಗ ಏನನ್ನು ಹೊರಗೆ ಬಿಟ್ಟಿತು, ಆ ಬಿಟ್ಟದ್ದರಿಂದ ನೋಡುವವನಿಗೆ ಆದ ನಷ್ಟವೆಷ್ಟು ಎಂಬ ಪ್ರಶ್ನೆಗಳನ್ನು ನಾವು ಕೇಳಿಕೊಳ್ಳುವುದು ವಿರಳ. ಇದು ವಿಜ್ಞಾನದ ವಿಷಯ, ನಮಗೇಕೆ ಎಂದು ಕಲಾ ವಿಭಾಗದವರು ಕೈತೊಳೆದುಕೊಳ್ಳುವಂತಿಲ್ಲ. ಒಂದು ಕಾವ್ಯದ ಓಲೆಪ್ರತಿಗಳಲ್ಲಿ ಪಾಠಾಂತರ ಬಂದರೆ ಯಾವುದು ಕವಿಯ ಮಾತು, ಯಾವುದು ಲಿಪಿಕಾರನ ಕೈತಪ್ಪು ಎಂದು ಗಂಟೆಗಟ್ಟಲೆ ಚರ್ಚಿಸುವವರು ನಾವು. ಚಿತ್ರವೂ ಒಂದು ಕೃತಿಯಾದ ಮೇಲೆ ಅದರ ಪ್ರತಿಯ ಯೋಗ್ಯತೆಯನ್ನು ವಿಚಾರಿಸುವುದು ನಮ್ಮ ಕೆಲಸವೇ ಸರಿ.

ಮೊದಲು ಕುಗ್ಗಿಸದ ಸಿನಿಮಾದ ಗಾತ್ರವನ್ನು ತಿಳಿಯಬೇಕು. ಚಲಚ್ಚಿತ್ರವೆಂದರೆ ಚಲಿಸದ ಚಿತ್ರಗಳ ಸಾಲು. ಒಂದು ಸೆಕೆಂಡಿಗೆ 24 ಚಿತ್ರಗಳು ಕಣ್ಣ ಮುಂದೆ ಹಾಯುವುದರಿಂದ ಅವು ಚಲಿಸಿದಂತೆ ನಮಗೆ ತೋರುತ್ತವೆ. 35 ಮಿಲಿಮೀಟರಿನ ಫಿಲ್ಮಿನಲ್ಲಿ ಒಂದು ಅಡಿಗೆ 16 ಚಿತ್ರಗಳು. ಆದುದರಿಂದ ಒಂದು ಸೆಕೆಂಡಿಗೆ ಒಂದೂವರೆ ಅಡಿ, ಒಂದು ನಿಮಿಷಕ್ಕೆ 90 ಅಡಿ, ಎರಡೂವರೆ ಗಂಟೆಗೆ 13,500 ಅಡಿ ಫಿಲ್ಮು ಬೇಕಾಗುತ್ತಿತ್ತು. ಎಂದರೆ ನಾಲ್ಕು ಕಿಲೋಮೀಟರಿಗೂ ಮಿಕ್ಕ ಉದ್ದ! ಆ ರೀಲುಗಳನ್ನು ತಗಡಿನ ಡಬ್ಬಗಳಲ್ಲಿ ತುಂಬಿ ಬಸ್ಸಿನ ಮೇಲೆ ಹೇರಿ ಹಳ್ಳಿಯ ಟೆಂಟ್ ಸಿನಿಮಾಕ್ಕೆ ಒಯ್ಯುತ್ತಿದ್ದ ಕಾಲವನ್ನು ನಮ್ಮ ಹಿರಿಯರು ಇಂದಿಗೂ ಸ್ಮರಿಸುತ್ತಾರೆ.

ಈಗ ಫಿಲ್ಮಿನ ಸ್ಥಾನದಲ್ಲಿ ಅಂಕಿಗಳು ಬಂದಿವೆ. ಸಾಮಾನ್ಯವಾಗಿ ‘ಫುಲ್ ಎಚ್.ಡಿ.’ ಎನ್ನುವ ಚಿತ್ರದಲ್ಲಿ ಅಡ್ಡಕ್ಕೆ 1920, ಉದ್ದಕ್ಕೆ 1080 ಬಿಂದುಗಳಿರುತ್ತವೆ. ಗುಣಿಸಿದರೆ 20,73,600 ಬಿಂದುಗಳು. ಪ್ರತಿಯೊಂದು ಬಿಂದುವಿಗೂ ಕೆಂಪು, ಹಸಿರು, ನೀಲಿ ಎಂಬ ಮೂರು ಬಣ್ಣಗಳ ಪ್ರಮಾಣವನ್ನು ಬರೆದಿಡಲು ಮೂರು ಬೈಟು ಬೇಕು. ಸೆಕೆಂಡಿಗೆ 24 ಚಿತ್ರಗಳಂತೆ ಲೆಕ್ಕ ಹಾಕಿದರೆ ಒಂದು ಸೆಕೆಂಡಿಗೆ ಸುಮಾರು 15 ಕೋಟಿ ಬೈಟು. ಎರಡೂವರೆ ಗಂಟೆ ಎಂದರೆ 9,000 ಸೆಕೆಂಡು. ಅಷ್ಟಕ್ಕೆ ಬೇಕಾಗುವುದು ಸುಮಾರು 1,340 ಗಿಗಾಬೈಟು. 64 ಗಿಗಾಬೈಟಿನ ಮೆಮೊರಿ ಕಾರ್ಡುಗಳು ಇಪ್ಪತ್ತೊಂದು ಇದ್ದರೆ ಒಂದು ಸಿನಿಮಾ ಹಿಡಿದೀತು. ನಮ್ಮ ಸಣ್ಣ ಫೈಲಿನಲ್ಲಿರುವುದಾದರೋ 300 ಮೆಗಾಬೈಟು. ಎಂದರೆ ಸುಮಾರು 4,500 ಪಾಲಿನಲ್ಲಿ ಒಂದು ಪಾಲು. ನಾಲ್ಕೂವರೆ ಸಾವಿರ ಮೂಟೆ ಭತ್ತವನ್ನು ಒಂದೇ ಮೂಟೆಯಲ್ಲಿ ತುಂಬಿದೆನೆಂದು ಯಾರಾದರೂ ಹೇಳಿದರೆ ನಾವು ನಂಬುವೆವೇ? ಇಲ್ಲಿ ನಂಬಲೇಬೇಕಾಗಿದೆ. ಆದುದರಿಂದ ಆ ಕೌಶಲವನ್ನು ಹಂತಹಂತವಾಗಿ ನೋಡೋಣ.

ಮೊದಲನೆಯದು ಗಾತ್ರದ ಕಡಿತ. 1920×1080 ಬಿಂದುಗಳ ಬದಲು 854×480 ಬಿಂದುಗಳನ್ನು ಇಟ್ಟುಕೊಂಡರೆ ಬಿಂದುಗಳ ಸಂಖ್ಯೆ ಐದರಲ್ಲಿ ಒಂದು ಪಾಲಿಗೆ ಇಳಿಯುತ್ತದೆ. ಅಂಗೈಯಗಲದ ತೆರೆಯಲ್ಲಿ ಈ ವ್ಯತ್ಯಾಸ ಅಷ್ಟಾಗಿ ಕಾಣುವುದಿಲ್ಲ.

ಎರಡನೆಯದು ಬಣ್ಣದ ಕಡಿತ. ನಮ್ಮ ಕಣ್ಣು ಬೆಳಕು ನೆರಳುಗಳ ಭೇದವನ್ನು ಬಹು ಸೂಕ್ಷ್ಮವಾಗಿ ಗ್ರಹಿಸುತ್ತದೆ. ಬಣ್ಣದ ಭೇದವನ್ನು ಅಷ್ಟು ಸೂಕ್ಷ್ಮವಾಗಿ ಗ್ರಹಿಸಲಾರದು. ಆದುದರಿಂದ ಬೆಳಕಿನ ಪ್ರಮಾಣವನ್ನು ಪ್ರತಿ ಬಿಂದುವಿಗೂ ಬರೆದು, ಬಣ್ಣವನ್ನು ಮಾತ್ರ ನಾಲ್ಕು ಬಿಂದುಗಳಿಗೆ ಒಂದರಂತೆ ಬರೆಯುತ್ತಾರೆ. ಇದರಿಂದ ಉಳಿದದ್ದರಲ್ಲಿ ಅರ್ಧ ಉಳಿತಾಯ. ಹೀಗೆ ಎರಡು ಹೆಜ್ಜೆಗಳಲ್ಲಿ ಹತ್ತು ಪಟ್ಟು ಕುಗ್ಗಿತು. ಇನ್ನೂ 440 ಪಟ್ಟಿನಷ್ಟು ಕುಗ್ಗಬೇಕಾಗಿದೆ.

ಮೂರನೆಯ ಉಪಾಯವನ್ನು ನಾನು ‘ಸದರಿ’ಯ ಉಪಾಯವೆಂದು ಕರೆಯಲು ಇಚ್ಛಿಸುತ್ತೇನೆ. ಹಳೆಯ ಕಂದಾಯದ ದಫ್ತರಗಳನ್ನು ನೋಡಿದವರಿಗೆ ಈ ಮಾತು ಗೊತ್ತು. ಊರಿನ ಹೆಸರು, ಹೋಬಳಿ, ತಾಲ್ಲೂಕುಗಳನ್ನು ಒಮ್ಮೆ ಪೂರ್ಣವಾಗಿ ಬರೆದ ಮೇಲೆ ಶಾನುಭೋಗರು ಕೆಳಗಿನ ಸಾಲುಗಳಲ್ಲಿ ಬರಿಯ ‘ಸದರಿ’ ಎಂದು ಬರೆದು ಮುಂದೆ ಹೋಗುತ್ತಿದ್ದರು. ಬದಲಾದದ್ದನ್ನು ಮಾತ್ರ ಬಿಡಿಸಿ ಬರೆಯುತ್ತಿದ್ದರು. ಚಿತ್ರದಲ್ಲಿಯೂ ಹಾಗೆಯೇ. ದಸರೆಯ ಜಂಬೂಸವಾರಿಯನ್ನು ಚಿತ್ರೀಕರಿಸಿದ್ದಾರೆ ಎಂದಿಟ್ಟುಕೊಳ್ಳಿ. ಅಂಬಾರಿ ಹೊತ್ತ ಆನೆ ಮುಂದೆ ಸಾಗುತ್ತದೆ. ಹಿಂದಿನ ಅರಮನೆ ಕದಲುವುದಿಲ್ಲ. ಅರಮನೆಯ ಗೋಪುರ ಕಮಾನುಗಳನ್ನು ಸೆಕೆಂಡಿಗೆ 24 ಬಾರಿ ಹೊಸದಾಗಿ ಬರೆಯಬೇಕಾದ ಅಗತ್ಯವೇನಿದೆ? ಒಮ್ಮೆ ಪೂರ್ಣವಾಗಿ ಬರೆದು, ಮುಂದಿನ ಚಿತ್ರಗಳಲ್ಲಿ ‘ಅರಮನೆ ಸದರಿ’ ಎಂದರೆ ಸಾಕು. ಆನೆಯನ್ನೂ ಪೂರ್ತಿ ಬರೆಯಬೇಕಾಗಿಲ್ಲ. ‘ಹಿಂದಿನ ಚಿತ್ರದ ಆನೆ ಇಷ್ಟು ಬಿಂದು ಮುಂದೆ ಸರಿದಿದೆ’ ಎಂದರೆ ಆಯಿತು. ಕೆಲವು ಸೆಕೆಂಡುಗಳಿಗೊಮ್ಮೆ ಮಾತ್ರ ಒಂದು ಪೂರ್ಣ ಚಿತ್ರವನ್ನು ಹೊಸದಾಗಿ ಬರೆಯುತ್ತಾರೆ. ಕೆಟ್ಟುಹೋದ ಫೈಲಿನಲ್ಲಿ ಒಬ್ಬರ ಮುಖದ ಮೇಲೆ ಮತ್ತೊಬ್ಬರ ಮುಖ ತೇಲಿಬಂದು, ಕೆಲವು ಕ್ಷಣಗಳ ತರುವಾಯ ಎಲ್ಲವೂ ತಟ್ಟನೆ ಸರಿಹೋಗುವುದನ್ನು ಹಲವರು ಕಂಡಿರಬಹುದು. ‘ಸದರಿ’ ಎಂಬುದು ಯಾವುದಕ್ಕೆ ಎಂದು ತಿಳಿಯದೆ ಯಂತ್ರ ತಡವರಿಸಿ, ಮುಂದಿನ ಪೂರ್ಣ ಚಿತ್ರ ಬಂದೊಡನೆ ದಾರಿ ಹಿಡಿಯಿತು ಎಂದು ಅದರ ಅರ್ಥ.

ನಾಲ್ಕನೆಯ ಉಪಾಯವೇ ಎಲ್ಲಕ್ಕಿಂತ ಮುಖ್ಯವಾದುದು. ಚಿತ್ರವನ್ನು ಸಣ್ಣ ಸಣ್ಣ ಚೌಕಗಳಾಗಿ ಒಡೆಯುತ್ತಾರೆ. ಅಡ್ಡಕ್ಕೆ 8, ಉದ್ದಕ್ಕೆ 8, ಒಟ್ಟು 64 ಬಿಂದುಗಳ ಚೌಕವೆಂಬುದು ಹಳೆಯ ಕ್ರಮ. ಆ 64 ಬಿಂದುಗಳ ಬೆಳಕನ್ನು ಇದ್ದಂತೆಯೇ ಬರೆಯದೆ ಬೇರೊಂದು ರೀತಿಯ 64 ಸಂಖ್ಯೆಗಳಾಗಿ ಮಾರ್ಪಡಿಸುತ್ತಾರೆ. ಮೊದಲನೆಯ ಸಂಖ್ಯೆ ಇಡೀ ಚೌಕದ ಸರಾಸರಿ ಬೆಳಕನ್ನು ಹೇಳುತ್ತದೆ. ಮುಂದಿನವು ಬೆಳಕು ಒಂದು ಅಂಚಿನಿಂದ ಮತ್ತೊಂದು ಅಂಚಿಗೆ ಮೆಲ್ಲಗೆ ಬದಲಾಗುವ ಬಗೆಯನ್ನು ಹೇಳುತ್ತವೆ. ಕಟ್ಟಕಡೆಯವು ಕೂದಲೆಳೆ, ಹುಲ್ಲಿನ ಗರಿ, ಸೀರೆಯ ನೂಲು ಮುಂತಾದ ಅತಿ ಸೂಕ್ಷ್ಮ ಏರಿಳಿತಗಳನ್ನು ಹೇಳುತ್ತವೆ. ಬಹುಪಾಲು ಚೌಕಗಳಲ್ಲಿ ಮೊದಲ ಕೆಲವು ಸಂಖ್ಯೆಗಳೇ ದೊಡ್ಡವು. ಉಳಿದವು ಸೊನ್ನೆಯ ಆಸುಪಾಸು. ಆ ಚಿಕ್ಕ ಸಂಖ್ಯೆಗಳನ್ನು ಸೊನ್ನೆಯೇ ಎಂದು ಬಗೆದು ಬಿಟ್ಟುಬಿಟ್ಟರೆ ಕಣ್ಣಿಗೆ ಅದು ಸುಲಭವಾಗಿ ಗೊತ್ತಾಗುವುದಿಲ್ಲ. ಎಷ್ಟನ್ನು ಬಿಡಬೇಕೆಂಬುದು ಕುಗ್ಗಿಸುವವನ ಇಚ್ಛೆ. ಫೈಲು ಚಿಕ್ಕದಾಗಬೇಕಾದಷ್ಟೂ ಬಿಡುವುದು ಹೆಚ್ಚಾಗುತ್ತದೆ.

ಈ ನಾಲ್ಕನೆಯ ಉಪಾಯದ ಮೂಲವನ್ನು ಹುಡುಕುತ್ತಾ ಹೋದರೆ ನಾವು ನಮ್ಮ ನಾಡಿಗೇ ಬಂದು ನಿಲ್ಲುತ್ತೇವೆ ಎಂಬುದು ಸಂತೋಷದ ಸಂಗತಿ. ಇದನ್ನು ಕಂಡುಹಿಡಿದವರಲ್ಲಿ ಪ್ರಮುಖರಾದ ನಾಸಿರ್ ಅಹ್ಮದ್ ಅವರು 1940ರಲ್ಲಿ ಬೆಂಗಳೂರಿನಲ್ಲಿ ಜನಿಸಿದರು. ಸರ್ ಎಂ. ವಿಶ್ವೇಶ್ವರಯ್ಯನವರು 1917ರಲ್ಲಿ ಸ್ಥಾಪಿಸಿದ ಬೆಂಗಳೂರಿನ ಇಂಜಿನಿಯರಿಂಗ್ ಕಾಲೇಜಿನಲ್ಲಿ ಓದಿ 1961ರಲ್ಲಿ ಪದವಿ ಪಡೆದರು. ಆಗ ಆ ಕಾಲೇಜು ನಮ್ಮ ಮೈಸೂರು ವಿಶ್ವವಿದ್ಯಾನಿಲಯಕ್ಕೇ ಸೇರಿತ್ತು. ಮುಂದೆ ಅಮೆರಿಕಕ್ಕೆ ಹೋಗಿ, 1966ರಲ್ಲಿ ನ್ಯೂ ಮೆಕ್ಸಿಕೋ ವಿಶ್ವವಿದ್ಯಾನಿಲಯದಲ್ಲಿ ಡಾಕ್ಟರೇಟು ಪಡೆದು, ಕ್ಯಾನ್ಸಸ್ ರಾಜ್ಯ ವಿಶ್ವವಿದ್ಯಾನಿಲಯದಲ್ಲಿ ಅಧ್ಯಾಪಕರಾದರು. 1972ರಲ್ಲಿ ಅವರು ಈ ವಿಚಾರವನ್ನು ಅಧ್ಯಯನ ಮಾಡಲು ಅಲ್ಲಿನ ರಾಷ್ಟ್ರೀಯ ವಿಜ್ಞಾನ ಪ್ರತಿಷ್ಠಾನದ ಧನಸಹಾಯ ಕೋರಿದರು. ಸಹಾಯ ದೊರೆಯಲಿಲ್ಲ. ಈ ವಿಚಾರ ತೀರ ಸರಳವಾದುದೆಂದು ಪರಿಶೀಲಕರೊಬ್ಬರು ಅಭಿಪ್ರಾಯಪಟ್ಟಿದ್ದರೆಂದು ಅವರೇ ಮುಂದೆ ಬರೆದಿದ್ದಾರೆ. ಆದರೂ ಅವರು ಕೈಬಿಡದೆ, ತಮ್ಮ ಶಿಷ್ಯರಾದ ಟಿ. ನಟರಾಜನ್ ಹಾಗೂ ಮಿತ್ರರಾದ ಕೆ. ಆರ್. ರಾವ್ ಅವರೊಡನೆ ಸೇರಿ 1974ರಲ್ಲಿ ಅದನ್ನು ಪ್ರಕಟಿಸಿದರು. ‘ಡಿಸ್ಕ್ರೀಟ್ ಕೊಸೈನ್ ಟ್ರಾನ್ಸ್‌ಫಾರ್ಮ್’ ಎಂಬುದು ಅದರ ಹೆಸರು. ಇಂದು ಲೋಕದಲ್ಲಿ ಓಡಾಡುವ ವಿಡಿಯೋಗಳ ಬಹುಪಾಲು ಈ ತತ್ತ್ವವನ್ನೋ ಇದರಿಂದ ಹುಟ್ಟಿದ ರೂಪಗಳನ್ನೋ ಆಶ್ರಯಿಸಿವೆ. ನಮ್ಮ ವಿಶ್ವವಿದ್ಯಾನಿಲಯದ ಪದವೀಧರರೊಬ್ಬರ ಗಣಿತವು ಕೋಟ್ಯಂತರ ಜನರ ಜೇಬಿನಲ್ಲಿದೆ ಎಂದರೆ ಅತಿಶಯೋಕ್ತಿಯಲ್ಲ.

ಈ ತತ್ತ್ವಗಳನ್ನೆಲ್ಲ ಒಟ್ಟುಗೂಡಿಸಿ 1993ರಲ್ಲಿ ‘ಎಂಪೆಗ್-1’ ಎಂಬ ಕ್ರಮವನ್ನು ಅಂಗೀಕರಿಸಿದರು. ಅದೇ ವರ್ಷ ವಿಡಿಯೋ ಸಿ.ಡಿ.ಯೂ ಬಂದಿತು. ಅದರಲ್ಲಿ ಚಿತ್ರದ ಅಳತೆ ಬರಿಯ 352×288 ಬಿಂದು. ಒಂದು ತಟ್ಟೆಯಲ್ಲಿ 74 ನಿಮಿಷದ ಚಿತ್ರ. ನಮ್ಮ ಕನ್ನಡ ಸಿನಿಮಾಗಳು ಎರಡು ಮೂರು ತಟ್ಟೆಗಳಲ್ಲಿ ಹಂಚಿಹೋಗುತ್ತಿದ್ದುದು ಈ ಕಾರಣದಿಂದ. 2003ರಲ್ಲಿ ಎಚ್.264, 2013ರಲ್ಲಿ ಎಚ್.265, 2018ರಲ್ಲಿ ಎವಿ1 ಎಂಬ ಕ್ರಮಗಳು ಬಂದು, ಅದೇ ಗುಣವನ್ನು ಇನ್ನೂ ಕಡಮೆ ಜಾಗದಲ್ಲಿ ಹಿಡಿಸುವುದು ಸಾಧ್ಯವಾಯಿತು. ಇತ್ತ ಪೇಟೆಬೀದಿಗಳ ಮೊಬೈಲು ಅಂಗಡಿಗಳಲ್ಲಿ ಮೆಮೊರಿ ಕಾರ್ಡಿಗೆ ‘ಪಿಕ್ಚರ್ ಹಾಕಿಸಿಕೊಳ್ಳುವ’ ರೂಢಿ ಬೆಳೆಯಿತು. 2016ರ ಸೆಪ್ಟೆಂಬರಿನಲ್ಲಿ ಜಿಯೋ ಬಂದು ಡೇಟಾ ಅಗ್ಗವಾದ ಮೇಲೆ ಆ ರೂಢಿ ಕುಂದಿತು. ಆದರೆ ಸಣ್ಣ ಫೈಲಿನ ಮೋಹ ಕುಂದಲಿಲ್ಲ. ದಿನಕ್ಕೆ ಇಷ್ಟೇ ಡೇಟಾ ಎಂಬ ಮಿತಿಯೂ, ಹಳೆಯ ಮೊಬೈಲಿನಲ್ಲಿ ಜಾಗವಿಲ್ಲದ ತೊಂದರೆಯೂ, ಕಾಡಂಚಿನ ಊರುಗಳಲ್ಲಿ ಸಿಗ್ನಲ್ಲು ಸಿಗದ ಕಷ್ಟವೂ ಅದಕ್ಕೆ ಕಾರಣಗಳು.

ಇಷ್ಟು ಲಾಭದ ಮಾತಾಯಿತು. ಇನ್ನು ನಷ್ಟವನ್ನು ನೋಡೋಣ.

ನಮ್ಮ ಊರು ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿದೆ. ನಮ್ಮ ಅವ್ವ ಚಿತ್ರಮಂದಿರದ ಮೆಟ್ಟಿಲು ಹತ್ತಿದವಳಲ್ಲ. ಕಳೆದ ಬೇಸಿಗೆಯ ರಜದಲ್ಲಿ, 1972ರ ‘ಬಂಗಾರದ ಮನುಷ್ಯ’ ಚಿತ್ರವನ್ನು ಅವಳಿಗೆ ಮೊಬೈಲಿನಲ್ಲಿ ತೋರಿಸಲು ಕುಳಿತೆ. ಸಿಗ್ನಲ್ಲು ಕ್ಷೀಣವಾಗಿದ್ದುದರಿಂದ ಚಿತ್ರ ಅತಿ ಕಡಮೆ ಗುಣದಲ್ಲಿ ಓಡುತ್ತಿತ್ತು. ಅರ್ಧ ಗಂಟೆ ನೋಡಿ ಅವ್ವ ಸೆರಗಿನಿಂದ ಕಣ್ಣೊರಸಿಕೊಂಡು, ‘ಸಾಕು ಮಗ, ನನ್ನ ಕಣ್ಣೇ ಮಂಜಾಗವೆ, ರಾಜಕುಮಾರನ ಮೊಕವೇ ನೀರಲ್ಲಿ ಕದಡ್ದಂಗೆ ಕಾಣ್ತದೆ’ ಎಂದಳು. ಅವಳ ಕಣ್ಣಿಗೆ ಏನೂ ಆಗಿರಲಿಲ್ಲ. ಸೂಜಿಗೆ ಈಗಲೂ ತಾನೇ ದಾರ ಪೋಣಿಸುತ್ತಾಳೆ. ಕದಡಿದ್ದುದು ಚಿತ್ರ. ಅವಳು ಆ ದೋಷವನ್ನು ತನ್ನ ಮೇಲೆ ಹಾಕಿಕೊಂಡಳು.

ಈ ಲೇಖನ ಬರೆಯಲು ನನಗೆ ಪ್ರೇರಣೆ ಕೊಟ್ಟದ್ದು ಆ ಮಾತು. ಏನನ್ನು ತೆಗೆದುಹಾಕಲಾಗಿದೆ ಎಂದು ತಿಳಿಯದವನು ಆ ಕೊರತೆ ತನ್ನದೇ ಎಂದು ಭಾವಿಸುತ್ತಾನೆ. ಇಲ್ಲವೆ ಕೃತಿಯದೇ ಎಂದು ಭಾವಿಸುತ್ತಾನೆ. ಹಳೆಯ ಕನ್ನಡ ಚಿತ್ರಗಳು ಮಸುಕು, ಧ್ವನಿ ಕರ್ಕಶ, ಛಾಯಾಗ್ರಹಣ ಸಾಧಾರಣ ಎಂಬ ಮಾತು ನಮ್ಮ ಸಹಪಾಠಿಗಳ ಬಾಯಲ್ಲಿ ಆಗಾಗ ಕೇಳಿಬರುತ್ತದೆ. ಅವರು ನೋಡಿದ್ದು ಚಿತ್ರವನ್ನೋ, ಪ್ರತಿಯ ಪ್ರತಿಯನ್ನು ಕುಗ್ಗಿಸಿದ ಮತ್ತೊಂದು ಪ್ರತಿಯನ್ನೋ? ಇದನ್ನು ವಿಚಾರಿಸದೆ ತೀರ್ಪು ಕೊಡುವುದು ನ್ಯಾಯವಲ್ಲ.

ಕುಗ್ಗಿಸುವುದರಿಂದ ಕೆಡುವ ಸಂಗತಿಗಳನ್ನು ಹೀಗೆ ವಿಂಗಡಿಸಬಹುದು. ಒಂದು, ಮಳೆ, ಜಲಪಾತ, ಜನಜಂಗುಳಿ, ಹಾರುವ ಹೂವು. ಇವುಗಳಲ್ಲಿ ಒಂದು ಚಿತ್ರದಿಂದ ಮತ್ತೊಂದಕ್ಕೆ ‘ಸದರಿ’ ಎನ್ನುವಂಥದೇ ಇರುವುದಿಲ್ಲ. ಪ್ರತಿ ಹನಿಯೂ ಹೊಸದು. 2006ರ ‘ಮುಂಗಾರು ಮಳೆ’ಯಲ್ಲಿ ಕ್ಯಾಮೆರಾ ಹಿಡಿದ ಮಲೆನಾಡಿನ ಮಳೆಯೂ ಜೋಗದ ಸೊಬಗೂ ಸಣ್ಣ ಫೈಲಿನಲ್ಲಿ ಬೂದುಬಣ್ಣದ ಚೌಕಗಳ ಗುಂಪಾಗುತ್ತವೆ. ಚಿತ್ರದ ಹೆಸರೇ ಮಳೆ. ಕಾಣದೆ ಹೋಗುವುದೂ ಮಳೆಯೇ! ಎರಡು, ಕತ್ತಲೆಯ ದೃಶ್ಯ. ಕತ್ತಲೆಯೊಳಗಿನ ಮೆಲುಬೆಳಕಿನ ಭೇದಗಳು ಬಲು ಚಿಕ್ಕ ಸಂಖ್ಯೆಗಳು. ಅವೇ ಮೊದಲು ಸೊನ್ನೆಯಾಗುತ್ತವೆ. 2022ರ ‘ಕಾಂತಾರ’ದ ಇರುಳಿನ ದೃಶ್ಯಗಳಲ್ಲಿ ದೊಂದಿಯ ಬೆಳಕು ಮುಖದಿಂದ ಮುಖಕ್ಕೆ ಹರಿಯುವುದನ್ನು ದೊಡ್ಡ ತೆರೆಯಲ್ಲಿ ಕಂಡವರು, ಅದನ್ನೇ ಸಣ್ಣ ಫೈಲಿನಲ್ಲಿ ನೋಡಿದರೆ ಬೆಂಕಿಯ ಸುತ್ತ ಬರಿಯ ಕಪ್ಪು ಪಟ್ಟಿಗಳನ್ನು ಕಾಣುತ್ತಾರೆ. ಮೂರು, ಅಕ್ಷರ. ನಮ್ಮ ಲಿಪಿಯಲ್ಲಿ ಒತ್ತಕ್ಷರಗಳು ಸಾಲಿನ ಕೆಳಗೆ ಚಿಕ್ಕದಾಗಿ ನಿಲ್ಲುತ್ತವೆ. ಚಿತ್ರ ಕುಗ್ಗಿದಾಗ ಮೊದಲು ಕರಗುವುವು ಅವೇ. ಚಿತ್ರಕ್ಕೆ ದುಡಿದವರ ಹೆಸರುಗಳನ್ನು ಓದಲಾಗದಂತೆ ಮಾಡುವುದು ಅವರಿಗೆ ಸಲ್ಲಬೇಕಾದ ಗೌರವವನ್ನು ಕುಗ್ಗಿಸಿದಂತೆಯೇ. ನಾಲ್ಕು, ಧ್ವನಿ. ಚಿತ್ರಮಂದಿರದಲ್ಲಿ ಹಲವು ದಿಕ್ಕುಗಳಿಂದ ಬರುವ ಧ್ವನಿ ಇಲ್ಲಿ ಎರಡೇ ದಾರಿಗಳಿಗೆ ಇಳಿದು, ತಾಳದ ಝಣತ್ಕಾರ, ಉಸಿರಿನ ಸದ್ದು ಮೊದಲಾದ ಸೂಕ್ಷ್ಮಗಳು ಮರೆಯಾಗುತ್ತವೆ.

ಇನ್ನೊಂದು ಗುಣವನ್ನೂ ಗಮನಿಸಬೇಕು. ಹೀಗೆ ಬಿಟ್ಟದ್ದನ್ನು ಮರಳಿ ಪಡೆಯುವಂತಿಲ್ಲ. ಕಬ್ಬಿನಿಂದ ಬೆಲ್ಲ ಮಾಡಬಹುದು. ಬೆಲ್ಲದಿಂದ ಕಬ್ಬು ಮಾಡಲಾಗದು. ಒಮ್ಮೆ ಕುಗ್ಗಿಸಿದ್ದನ್ನು ಮತ್ತೆ ಕುಗ್ಗಿಸಿದರೆ ದೋಷದ ಮೇಲೆ ದೋಷ ಕೂಡುತ್ತದೆ. ಆದುದರಿಂದ ಮೂಲಪ್ರತಿಯನ್ನು ಕಾಪಾಡುವವರು ಎಲ್ಲಿಯಾದರೂ ಇರಲೇಬೇಕು. 1891ರಲ್ಲಿ ಸ್ಥಾಪಿತವಾದ ನಮ್ಮ ಮೈಸೂರಿನ ಓರಿಯಂಟಲ್ ಲೈಬ್ರರಿಯು ಓಲೆಗರಿಗಳನ್ನು ಜೋಪಾನ ಮಾಡಿದ್ದರಿಂದಲೇ 1905ರಲ್ಲಿ ಆರ್. ಶಾಮಶಾಸ್ತ್ರಿಗಳಿಗೆ ಕೌಟಿಲ್ಯನ ಅರ್ಥಶಾಸ್ತ್ರ ದೊರೆಯಿತು. ಸಿನಿಮಾಕ್ಕೂ ಅಂಥ ಜೋಪಾನ ಬೇಕು. ಪುಣೆಯಲ್ಲಿ 1964ರಲ್ಲಿ ಆರಂಭವಾದ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯ ಹುಟ್ಟಿದ್ದು ಇದೇ ಉದ್ದೇಶದಿಂದ. ಎಲ್ಲರ ಮೊಬೈಲಿನಲ್ಲಿಯೂ ಇದೆಯೆಂದ ಮಾತ್ರಕ್ಕೆ ಒಂದು ಚಿತ್ರ ಉಳಿದಿದೆ ಎಂದು ನಾವು ನೆಮ್ಮದಿಯಿಂದಿರಲಾಗದು.

ಈಗ ನ್ಯಾಯದ ಪ್ರಶ್ನೆ. ಸಣ್ಣ ಫೈಲು ತಾನಾಗಿಯೇ ಅಪರಾಧವಲ್ಲ. ಅದು ಒಂದು ವಿದ್ಯೆ. ಆದರೆ ಹೊಸ ಚಿತ್ರಗಳ ಸಣ್ಣ ಫೈಲುಗಳಲ್ಲಿ ಎಷ್ಟೋ ಕಳ್ಳಪ್ರತಿಗಳು. ಚಿತ್ರಮಂದಿರದಲ್ಲಿ ಕದ್ದು ಚಿತ್ರೀಕರಿಸುವುದನ್ನು ತಡೆಯಲೆಂದೇ 2023ರಲ್ಲಿ ಸಿನಿಮಾಟೋಗ್ರಾಫ್ ಕಾಯಿದೆಗೆ ತಿದ್ದುಪಡಿ ತಂದರು. ಅದರಂತೆ ಕನಿಷ್ಠ ಮೂರು ತಿಂಗಳಿಂದ ಮೂರು ವರ್ಷಗಳವರೆಗೆ ಸೆರೆವಾಸ. ದಂಡ 3 ಲಕ್ಷ ರೂಪಾಯಿಗೆ ಕಡಮೆಯಿಲ್ಲದಂತೆ, ಚಿತ್ರದ ನಿರ್ಮಾಣವೆಚ್ಚದ ಶೇಕಡಾ 5ರವರೆಗೆ. ಬಡ ವಿದ್ಯಾರ್ಥಿಯೊಬ್ಬ ಉಚಿತವಾಗಿ ನೋಡಿದರೆ ಕೋಟಿ ಸುರಿದವರಿಗೇನು ನಷ್ಟ ಎಂದು ವಾದಿಸುವವರುಂಟು. ಆದರೆ ಚಿತ್ರವೆಂದರೆ ನಾಯಕನೊಬ್ಬನೇ ಅಲ್ಲ. ದೀಪ ಹಿಡಿಯುವವನು, ಬಟ್ಟೆ ಹೊಲಿಯುವವನು, ಚಿತ್ರಮಂದಿರದ ಗೇಟಿನಲ್ಲಿ ಟಿಕೆಟ್ಟು ಹರಿಯುವವನು, ಇವರೂ ಬಡವರೇ. ಮೈಸೂರಿನಲ್ಲಿ ಒಂದು ಕಾಲಕ್ಕೆ ಪ್ರೀಮಿಯರ್ ಸ್ಟುಡಿಯೋದಂಥ ಸಂಸ್ಥೆಯಿತ್ತು. ಅಂಥ ಸಂಸ್ಥೆಗಳಿಂದ ಎಷ್ಟೋ ಸಂಸಾರಗಳು ಹೊಟ್ಟೆ ಹೊರೆದವು. ಇತ್ತ ನಗರದ ಹಳೆಯ ಚಿತ್ರಮಂದಿರಗಳೂ ಒಂದೊಂದಾಗಿ ಬಾಗಿಲು ಮುಚ್ಚುತ್ತಿವೆ. ಇದಕ್ಕೆ ಕಾರಣಗಳು ಹಲವು, ಕಳ್ಳಪ್ರತಿಯೊಂದೇ ಅಲ್ಲ. ಆದರೂ ಬಡವನ ಕಷ್ಟಕ್ಕೆ ಇನ್ನೊಬ್ಬ ಬಡವನ ಕೂಲಿಯನ್ನು ಕಸಿಯುವುದು ಪರಿಹಾರವಲ್ಲ.

ಹಾಗಾದರೆ ಟಿಕೆಟ್ಟಿಗೆ ಹಣವಿಲ್ಲದ ವಿದ್ಯಾರ್ಥಿ ಸಿನಿಮಾವನ್ನೇ ನೋಡಬಾರದೇ? ಖಂಡಿತ ನೋಡಬೇಕು, ಅದಕ್ಕೆ ನೇರವಾದ ದಾರಿಗಳಿವೆ. ಹಕ್ಕುದಾರರೇ ಯೂಟ್ಯೂಬಿಗೆ ಹಾಕಿರುವ ಹಳೆಯ ಕನ್ನಡ ಚಿತ್ರಗಳು ಹೇರಳವಾಗಿವೆ. ಅಲ್ಲಿ ಚಿತ್ರದ ಗುಣವನ್ನು ನಾವೇ ಆರಿಸಿಕೊಳ್ಳಬಹುದು. ಡೇಟಾ ಕಡಮೆಯಿದ್ದ ದಿನ 240, ಅನುಕೂಲವಿದ್ದ ದಿನ 720. ಇನ್ನು 1957ರ ಕೃತಿಸ್ವಾಮ್ಯ ಕಾಯಿದೆಯ ಪ್ರಕಾರ ಚಲಚ್ಚಿತ್ರದ ಹಕ್ಕು ಪ್ರಕಟವಾದ ವರ್ಷ ಕಳೆದು 60 ವರ್ಷಗಳವರೆಗೆ ಮಾತ್ರ. ನಮ್ಮ ಮೈಸೂರಿನ ಅರಸನ ಕಥೆಯಾದ, 1960ರ ‘ರಣಧೀರ ಕಂಠೀರವ’ ಚಿತ್ರದ ಹಕ್ಕಿನ ಅವಧಿ 2020ರ ಕೊನೆಗೆ ಮುಗಿಯಿತು. ಇಂಥ ಚಿತ್ರಗಳಲ್ಲಿನ ಸಾಹಿತ್ಯ, ಸಂಗೀತಗಳ ಹಕ್ಕಿನ ಲೆಕ್ಕ ಬೇರೆಯೆಂಬುದನ್ನು ಮಾತ್ರ ಮರೆಯಬಾರದು.

ಕೊನೆಯದಾಗಿ ಸಹಪಾಠಿಗಳಲ್ಲಿಯೂ ಪೂಜ್ಯ ಅಧ್ಯಾಪಕರಲ್ಲಿಯೂ ಎರಡು ವಿನಂತಿಗಳಿವೆ. ನಮ್ಮ ಕಾಲೇಜಿನ ಸಭಾಂಗಣದಲ್ಲಿ ಪ್ರೊಜೆಕ್ಟರ್ ಇದೆ, ಬಿಳಿಯ ಗೋಡೆಯಿದೆ, ಕುಳಿತು ನೋಡುವ ಮುನ್ನೂರು ಮಂದಿಯಿದ್ದಾರೆ. ತಿಂಗಳಿಗೊಮ್ಮೆ, ಹಕ್ಕುದಾರರ ಒಪ್ಪಿಗೆ ಪಡೆದು, ಒಂದು ಒಳ್ಳೆಯ ಕನ್ನಡ ಚಿತ್ರದ ಉತ್ತಮ ಪ್ರತಿಯನ್ನು ತೋರಿಸಿ, ಅದರ ಮೇಲೆ ಅರ್ಧ ಗಂಟೆ ಚರ್ಚೆ ನಡೆಸಿದರೆ ಅದು ಯಾವ ಪಾಠಕ್ಕೂ ಕಡಮೆಯಾಗಲಾರದು. ಚಿತ್ರಮಂದಿರವನ್ನೇ ಕಾಣದೆ ಪದವಿಯವರೆಗೆ ಬಂದ ವಿದ್ಯಾರ್ಥಿಗಳು ನಮ್ಮಲ್ಲಿದ್ದಾರೆ. ಅವರು ಒಂದು ಬಾರಿಯಾದರೂ ಪೂರ್ಣ ಚಿತ್ರವನ್ನು ಕಾಣಬೇಕು. ಎರಡನೆಯದಾಗಿ, ಮನೆಯಲ್ಲಿ ಹಿರಿಯರಿಗೆ ಸಣ್ಣ ಫೈಲಿನಲ್ಲಿ ಚಿತ್ರ ತೋರಿಸುವಾಗ, ಇದು ಕುಗ್ಗಿಸಿದ ಪ್ರತಿ, ಮೂಲ ಇದಕ್ಕಿಂತ ಚೆನ್ನಾಗಿದೆ ಎಂಬ ಒಂದು ಮಾತನ್ನು ಹೇಳೋಣ. ಓದಿದವರಿಂದ ಓದದವರಿಗೆ ಸಲ್ಲಬೇಕಾದ ಋಣಗಳಲ್ಲಿ ಇದೂ ಒಂದು. ಕುಗ್ಗಿಸುವ ವಿದ್ಯೆ ದೊಡ್ಡದು. ಅದು ದೂರದ ಹಳ್ಳಿಗೂ ಕಲೆಯನ್ನು ತಲುಪಿಸಿತು. ಆದರೆ ತಲುಪಿದ್ದು ಎಷ್ಟು, ದಾರಿಯಲ್ಲಿ ಉಳಿದದ್ದು ಎಷ್ಟು ಎಂಬ ಲೆಕ್ಕವನ್ನು ಇಡತಕ್ಕವರು ನಾವು.